ಪ್ರಶ್ನೋತ್ತರ: ಐತಿಹಾಸಿಕ ಸಾಕ್ಷ್ಯಚಿತ್ರಗಳ ಸಂಕಲನಕ್ಕೆ ಬರುವುದು ಹೇಗೆ?

ಪ್ರಶ್ನೆ: ನಮಸ್ಕಾರ ಸರ್. ಮದುವೆ ವಿಡಿಯೊ, ಯೂಟ್ಯೂಬ್ ಕೆಲಸ ಎಡಿಟ್ ಮಾಡುತ್ತಿದ್ದೇನೆ. ಪ್ರೀಮಿಯರ್, ಡಾವಿಂಚಿ ಎರಡೂ ಎಡಿಟಿಂಗ್ ಸಾಫ್ಟ್‌ವೇರ್ ಬರುತ್ತದೆ. ಇತಿಹಾಸದ ಸಾಕ್ಷ್ಯಚಿತ್ರಗಳಿಗೆ ಕೆಲಸ ಮಾಡುವ ಆಸೆ. ಕೋರ್ಸ್ ಮಾಡಲೇಬೇಕಾ? ಮೊದಲು ಏನು ಕಲಿಯಲಿ?

ಉತ್ತರ: ಕಡ್ಡಾಯವೇನಿಲ್ಲ. ಅನುಕೂಲವಿದ್ದರೆ ಪುಣೆಯ ಎಫ್‌ಟಿಐಐ, ಕೋಲ್ಕತ್ತದ ಎಸ್‌ಆರ್‌ಎಫ್‌ಟಿಐ ಎಂಬ ಚಲನಚಿತ್ರ ಶಾಲೆಗಳೆರಡರಲ್ಲೂ ಸಂಕಲನ ವಿಭಾಗವಿದೆ, ಪ್ರಯತ್ನಿಸಿ. ಹೇಗೆ ಬಂದರೂ ಶುರು ಸಹಾಯಕರಾಗಿಯೇ, ಮತ್ತು ಅಲ್ಲಿ ನಿಮ್ಮನ್ನು ಅಳೆಯುವುದು ಲಾಗ್ ಶೀಟಿನಿಂದ. ಪ್ರತಿ ಹಳೆಯ ಶಾಟ್‌ಗೆ ಒಂದು ಸಾಲು ಬರೆಯಿರಿ: ರೀಲ್ ಸಂಖ್ಯೆ, ಶುರು ಮತ್ತು ಕೊನೆಯ ಟೈಮ್‌ಕೋಡ್ (ಪ್ರತಿ ಫ್ರೇಮಿನ ಸಮಯದ ಗುರುತು), ಸ್ಥಳ, ವರ್ಷ, ಆ ವರ್ಷಕ್ಕೆ ಆಧಾರ, ಹಕ್ಕು ಯಾರದು. ಆಧಾರದ ಕಾಲಂ ಖಾಲಿ ಬಿಡುವವರೇ ಹೆಚ್ಚು. ಶಿವಮೊಗ್ಗ ಜಿಲ್ಲೆಯ ಈಸೂರಿನ 1942ರ ಸ್ವಾತಂತ್ರ್ಯ ಹೋರಾಟದ ಮಾತು ಕೇಳಿಸುವಾಗ 1930ರ ದಂಡಿ ಯಾತ್ರೆಯ ದೃಶ್ಯ ಓಡಿಸಿದರೆ ನೋಡುವವರಿಗೆ ಗೊತ್ತಾಗದೇ ಇರಬಹುದು, ಆದರೂ ಅದು ಸುಳ್ಳು. ಆ ಕಾಲದ ಚಿತ್ರ ಸಿಗದಿದ್ದರೆ ಇಂದಿನ ಊರನ್ನೋ ಕೋರ್ಟಿನ ಕಾಗದವನ್ನೋ ತೋರಿಸಿ.

ಪ್ರಶ್ನೆ: ಹಳೆಯ ಮೂಕಿ ರೀಲ್‌ಗಳಲ್ಲಿ ಜನ ಪಟಪಟ ಓಡುತ್ತಾರೆ. ಸ್ಪೀಡ್ ಇಳಿಸಿದರೆ ಒಬ್ಬರ ಮೇಲೊಬ್ಬರು ನೆರಳಿನ ಹಾಗೆ ಕಾಣುತ್ತಾರೆ.

ಉತ್ತರ: ಮೂಕಿ ಕಾಲದಲ್ಲಿ ಕ್ಯಾಮೆರಾವನ್ನು ಹೆಚ್ಚಾಗಿ ಕೈಯಿಂದ ತಿರುಗಿಸುತ್ತಿದ್ದರು. ಸೆಕೆಂಡಿಗೆ 16ರಿಂದ 18 ಫ್ರೇಮ್ ಸಾಮಾನ್ಯ, ಒಂದೇ ರೀಲಿನಲ್ಲೂ ಏರುಪೇರು ಇರುತ್ತದೆ. ಸೆಕೆಂಡಿಗೆ 25 ಫ್ರೇಮಿನ ಟೈಮ್‌ಲೈನ್‌ನಲ್ಲಿ 16 ಫ್ರೇಮಿನದಕ್ಕೆ ವೇಗ 64%, 18ರದಕ್ಕೆ 72% ಇಡಿ. ಆಮೇಲೆ ಮನುಷ್ಯರ ನಡಿಗೆ ನೋಡಿ ಸರಿಮಾಡಿ. ಬಾವುಟ, ಹೊಗೆ ನೋಡಿದರೆ ಅಂದಾಜು ಸಿಗುವುದಿಲ್ಲ. ನೆರಳು ಬರುವುದು ಫ್ರೇಮ್ ಬ್ಲೆಂಡಿಂಗ್‌ನಿಂದ, ಅಂದರೆ ಅಕ್ಕಪಕ್ಕದ ಫ್ರೇಮ್‌ಗಳನ್ನು ಬೆರೆಸುವುದರಿಂದ. ಪ್ರೀಮಿಯರ್‌ನಲ್ಲಿ ಫ್ರೇಮ್ ಸ್ಯಾಂಪ್ಲಿಂಗ್, ಡಾವಿಂಚಿಯಲ್ಲಿ ನಿಯರೆಸ್ಟ್ ಆರಿಸಿ. ಚಲನೆ ಅಂದಾಜಿಸಿ ಹೊಸ ಫ್ರೇಮ್ ಸೃಷ್ಟಿಸುವ ಆಪ್ಟಿಕಲ್ ಫ್ಲೋ ಬೇಡ: ಗೀರು, ಧೂಳನ್ನೂ ಅದು ಚಲನೆ ಎಂದೇ ಲೆಕ್ಕ ಹಾಕುತ್ತದೆ, ಮುಖಗಳು ಕಲಸಿಹೋಗುತ್ತವೆ. ಇದಕ್ಕೆಲ್ಲ ಮುಂಚೆ ಬಾಣದ ಕೀಲಿ ಒತ್ತುತ್ತಾ ಒಂದೊಂದೇ ಫ್ರೇಮ್ ನೋಡಿ. ಎರಡು-ಮೂರು ಫ್ರೇಮಿಗೊಮ್ಮೆ ಅದೇ ಚಿತ್ರ ಮತ್ತೆ ಬಂದರೆ ರೀಲನ್ನು ವಿಡಿಯೊಗೆ ವರ್ಗಾಯಿಸುವಾಗಲೇ ವೇಗ ಸರಿಮಾಡಿದ್ದಾರೆ, ಇನ್ನಷ್ಟು ಇಳಿಸಬೇಡಿ.

ಹಳೆಯ 4:3 ಅಳತೆಯ ಚಿತ್ರವನ್ನು ಇಂದಿನ ಅಗಲದ (16:9) ಪರದೆ ತುಂಬಿಸಲು ಎಳೆಯಲೂಬೇಡಿ. 16:9ಕ್ಕೆ ಕತ್ತರಿಸಿದರೆ ಎತ್ತರದ ಕಾಲುಭಾಗ ಹೋಗುತ್ತದೆ, ತಲೆಯೋ ಕಾಲೋ ಕಾಣೆ. ಪಕ್ಕದಲ್ಲಿ ಕಪ್ಪು ಬಿಟ್ಟರೆ ಏನೂ ತೊಂದರೆಯಿಲ್ಲ.

ಪ್ರಶ್ನೆ: ಹಕ್ಕಿನ ವಿಚಾರ ಎಡಿಟರ್ ತಲೆಗೆ ಯಾಕೆ?

ಉತ್ತರ: ಯಾವ ರೀಲಿನಿಂದ ಎಷ್ಟು ಸೆಕೆಂಡ್ ಬಳಸಿದ್ದೇವೆ ಎಂಬುದು ಗೊತ್ತಿರುವುದು ನಿಮ್ಮ ಟೈಮ್‌ಲೈನ್‌ಗೆ ಮಾತ್ರ. ನಮ್ಮ 1957ರ ಹಕ್ಕುಸ್ವಾಮ್ಯ ಕಾಯ್ದೆಯಂತೆ ಚಲನಚಿತ್ರದ ಹಕ್ಕು ಪ್ರಕಟವಾದ ಮರುವರ್ಷದ ಆರಂಭದಿಂದ 60 ವರ್ಷ. 1960ರಲ್ಲಿ ಬಂದದ್ದಕ್ಕೆ 2020ರ ಕೊನೆಗೆ ಮುಗಿಯಿತು. ಹಕ್ಕು ಮುಗಿದರೂ ಪ್ರತಿ ಕೊಡಲು ಸಂಗ್ರಹಾಲಯ ಶುಲ್ಕ ಕೇಳಬಹುದು. ಅಲ್ಲಿಂದ ಮೊದಲು ಬರುವುದು ವಾಟರ್‌ಮಾರ್ಕ್ ಇರುವ ಸಣ್ಣ ಫೈಲ್. ಪಿಕ್ಚರ್ ಲಾಕ್ ಆದಮೇಲೆ, ಅಂದರೆ ದೃಶ್ಯಗಳ ಜೋಡಣೆ ಅಂತಿಮವಾದಮೇಲೆ, ಪ್ರತಿ ಶಾಟ್‌ಗೆ ಹಿಂದೆ ಮುಂದೆ ಒಂದೊಂದು ಸೆಕೆಂಡ್ ಸೇರಿಸಿ ಮಾಸ್ಟರ್ (ಪೂರ್ಣ ಗುಣಮಟ್ಟದ ಪ್ರತಿ) ತರಿಸಿ. ಅದರ ಟೈಮ್‌ಕೋಡ್ ಹಲವು ಬಾರಿ ಹೊಂದುವುದಿಲ್ಲ, ಹಳೆಯ ಫೈಲಿನ ಜಾಗಕ್ಕೆ ಹೊಸದನ್ನು ತಾನಾಗಿ ಜೋಡಿಸುವ ರೀಲಿಂಕ್ ಕೈಕೊಡುತ್ತದೆ. ಆದ್ದರಿಂದ ಹಳೆಯ ಫೈಲನ್ನು ಅಳಿಸದೆ ಮೇಲಿನ ಟ್ರ್ಯಾಕ್‌ನಲ್ಲಿ ಅರೆಪಾರದರ್ಶಕವಾಗಿ ಇಟ್ಟು, ಕಣ್ಣಳತೆಯಲ್ಲೇ ಫ್ರೇಮಿಗೆ ಫ್ರೇಮ್ ಕೂಡಿಸಿ.