ಊರಿನ ಮೇಲೇ ಸಾಕ್ಷ್ಯಚಿತ್ರ ಮಾಡ್ಕೊಂಡು ಬದುಕೋಕಾಗುತ್ತಾ? ಅನುಭವ ಇದ್ದೋರು ಹೇಳಿ

ಕೋಲಾರದವಳು, ವಯಸ್ಸು 24. ಪತ್ರಿಕೋದ್ಯಮ ಓದಿ ಒಂದು ಸ್ಟುಡಿಯೋದಲ್ಲಿ ಮದುವೆ ವಿಡಿಯೋ ಎಡಿಟ್ ಮಾಡ್ತಿದ್ದೀನಿ. ನಮ್ಮೂರು ಬದಲಾಗ್ತಿರೋದರ ಮೇಲೆ ಸಾಕ್ಷ್ಯಚಿತ್ರ ಮಾಡೋ ಆಸೆ. ಎಲ್ಲರೂ ಬೆಂಗಳೂರಿಗೆ ಹೋಗು ಅಂತಾರೆ. ಹೋಗ್ಲಾ? ಹೊಟ್ಟೆಪಾಡಿಗೆ ನೀವೆಲ್ಲ ಏನ್ ಮಾಡ್ತೀರಿ?

ಉತ್ತರ 1
ನಾನೂ ಕೋಲಾರದವಳೇ ತಂಗಿ, ಹದಿನಾಲ್ಕು ವರ್ಷದಿಂದ ಇದೇ ಕೆಲಸ. ತಿಂಗಳಲ್ಲಿ ಹತ್ತು ದಿನ ಬೆಂಗಳೂರಲ್ಲಿ ಕಂಪನಿಗಳ ವಿಡಿಯೋ ಮಾಡಿ ದುಡೀತೀನಿ, ಮಿಕ್ಕ ದಿನ ಇಲ್ಲಿ. ಊರು ಬಿಡಬೇಕಾಗಿಲ್ಲ. ಮದುವೆ ಕೆಲಸಾನಂತೂ ಬಿಡಲೇಬೇಡ.

ನಾವು ಚಿಕ್ಕೋರಿದ್ದಾಗ ಕೆರೆ ಅಂದ್ರೆ ಜಾಲಿ ಬೆಳೆದ ಬಯಲು, ಹುಡುಗರು ಕ್ರಿಕೆಟ್ ಆಡೋ ಜಾಗ. 2018ರ ಜೂನ್‌ನಲ್ಲಿ ಕೆ.ಸಿ. ವ್ಯಾಲಿ ನೀರು ಲಕ್ಷ್ಮೀಸಾಗರ ಕೆರೆಗೆ ಬಂತು. ಬೆಂಗಳೂರಿನ ಕೊಳಚೆ ನೀರನ್ನ ಎರಡು ಹಂತ ಶುದ್ಧ ಮಾಡಿ ಬಿಡೋ ಯೋಜನೆ. ಮೊದಲ ಸುತ್ತಲ್ಲೇ 126 ಕೆರೆ. ಬೋರ್‌ವೆಲ್‌ಗೆ ಜೀವ ಬಂತು ಅಂತ ಖುಷಿಪಟ್ಟೋರು, ಮೂರನೇ ಹಂತದ ಶುದ್ಧೀಕರಣ ಆಗಲೇಬೇಕು ಅಂತ ಪಟ್ಟು ಹಿಡಿದೋರು, ಎಲ್ಲರನ್ನೂ ಗಂಟೆಗಟ್ಟಲೆ ಮಾತಾಡಿಸಿದೆ. ಎಡಿಟ್‌ಗೆ ಕೂತಾಗ ಎದೆ ಧಸಕ್ಕಂತು: ಒಣಗಿದ ಕೆರೆಯ ಒಂದೇ ಒಂದು ಶಾಟ್ ನನ್ನ ಹತ್ರ ಇಲ್ಲ. ದಿನಾ ನೋಡೋ ಬಯಲು, ಅದನ್ನೇನು ತೆಗೆಯೋದು ಅಂತ ಬಿಟ್ಟಿದ್ದೆ.

ಕೊನೆಗೆ ಸಿಕ್ಕಿದ್ದು ಚಿಕ್ಕಮ್ಮನ ಮದುವೆ ಕ್ಯಾಸೆಟ್‌ನಲ್ಲಿ. ಗಂಗೆಪೂಜೆಗೆ ಹೆಂಗಸರು ಬಿಂದಿಗೆ ಹಿಡ್ಕೊಂಡು ಕೆರೆಗೆ ಹೋಗಿದ್ದಾರೆ, ಕೆರೇಲಿ ನೀರಿಲ್ಲ. ಏರಿ ಕೆಳಗೆ ನಿಂತ ಟ್ಯಾಂಕರಿನ ನಲ್ಲಿ ತಿರುಗಿಸಿ ಬಿಂದಿಗೆ ತುಂಬಿಸ್ಕೊಂಡು ಅಲ್ಲೇ ಅರಿಶಿನ ಕುಂಕುಮ ಇಡ್ತಾರೆ. ಹಿಂದೆ ಬಿರುಕು ಬಿಟ್ಟ ಕೆರೆಯಂಗಳ. ಇಪ್ಪತ್ತೇ ಸೆಕೆಂಡು. ನನ್ನ ಚಿತ್ರ ಶುರುವಾಗೋದೇ ಅಲ್ಲಿಂದ.

ನಿಮ್ಮ ಸ್ಟುಡಿಯೋದಲ್ಲೂ ಹಳೇ ಕ್ಯಾಸೆಟ್ ಇದ್ದೇ ಇರುತ್ತೆ, ಅಟ್ಟ ನೋಡು. ಬಳಸೋ ಮುಂಚೆ ಆಯಾ ಮನೆಯವರನ್ನ ಕೇಳು.

ಉತ್ತರ 2
ನಾನು ಟೊಮೆಟೊ ಮಂಡೀಲಿ ಶೂಟ್ ಮಾಡ್ದೋನು. ಮೊದಲ ದಿನವೇ ಕ್ಯಾಮೆರಾ ಹಿಡ್ಕೊಂಡು ಹೋದೆ, ಹಮಾಲಿ ಒಬ್ಬರು "ನ್ಯೂಸ್‌ನೋರಾ?" ಅಂತ ಮುಖ ತಿರುಗಿಸಿದ್ರು. ಆಮೇಲೆ ಎರಡು ತಿಂಗಳು ಬರಿಗೈಲಿ ಹೋಗಿ ಟೀ ಕುಡ್ಕೊಂಡು ಕೂತೆ. 2023ರಲ್ಲಿ 15 ಕೆ.ಜಿ. ಬಾಕ್ಸ್ 2,000 ರೂಪಾಯಿ ದಾಟಿದಾಗ ಚಾನೆಲ್‌ನವರೆಲ್ಲ ಇದ್ರು. ಬೆಲೆ ಬಿದ್ದು ರೈತರು ಗಾಡಿ ಬಾಡಿಗೆ ದುಡ್ಡಿಗೂ ಪರದಾಡೋವಾಗ ನಾನೊಬ್ಬನೇ ಇದ್ದೆ. ಊರಲ್ಲೇ ಇದ್ರೆ ಅದು ಸಿಗುತ್ತೆ ಮೇಡಂ.

ಉತ್ತರ 3
ದುಡ್ಡಿನ ವಿಷಯ: ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್ ಅನುದಾನ ಕೊಡುತ್ತೆ, ಅರ್ಜಿ ಕನ್ನಡದಲ್ಲೇ ಬರೀರಿ. ಕೇರಳ ಸರ್ಕಾರದ ಸಾಕ್ಷ್ಯಚಿತ್ರೋತ್ಸವ ತಿರುವನಂತಪುರದಲ್ಲಿ ನಡೆಯುತ್ತೆ, ಒಂದ್ಸಲ ಹೋಗಿ ಬನ್ನಿ. ತೆಗೆದಿದ್ದನ್ನ ಎರಡು ಹಾರ್ಡ್ ಡಿಸ್ಕ್‌ನಲ್ಲಿಡಿ. ಒಂದೇ ಇಟ್ಕೊಂಡು ನಾನು ಒಂದು ವರ್ಷದ ಕೆಲಸ ಕಳ್ಕೊಂಡಿದ್ದೀನಿ.

ಪ್ರಶ್ನೆ ಕೇಳಿದವಳು
ಅಕ್ಕ, ಅಟ್ಟದಲ್ಲಿ ಎರಡು ಮೂಟೆ ಕ್ಯಾಸೆಟ್ ಸಿಕ್ತು! ಕೆಲವಕ್ಕೆ ಬಿಳಿ ಬೂಷ್ಟು ಬಂದಿದೆ, ಏನ್ ಮಾಡ್ಲಿ?

ಉತ್ತರ 1
ಬೂಷ್ಟು ಬಂದಿದ್ದನ್ನ ವಿಸಿಆರ್‌ಗೆ ಹಾಕಲೇಬೇಡ, ಒಳಗೆ ಟೇಪ್ ಓದೋ ಹೆಡ್‌ಗೆ ಮೆತ್ತಿ ಒಳ್ಳೇ ಕ್ಯಾಸೆಟ್‌ಗೂ ಅಂಟುತ್ತೆ. ಬೇರೆ ಎತ್ತಿಡು. ಮಿಕ್ಕಿದ್ದರ ಮೇಲಿರೋ ಹೆಸರು, ತಾರೀಖು ಒಂದು ನೋಟ್‌ಬುಕ್‌ನಲ್ಲಿ ಬರ್ಕೋ. ಭಾನುವಾರ ನನ್ನ ವಿಸಿಆರ್ ತಗೊಂಡು ಬರ್ತೀನಿ.