ಸೇಡಂ ಕಾಕಾ ವರ್ಸಸ್ ಶಹಾಬಾದ್ ಅಕ್ಕ

ನಮ್ಮ ಮನೆ ಗುಂಪಿನಲ್ಲಿ ಬೆಳಗ್ಗೆ ವಚನ, ಮಧ್ಯಾಹ್ನ ತೊಗರಿ ರೇಟು, ಸೀಸನ್ ಬಂದರೆ ಮದುವೆ ಕಾರ್ಡು. ಜಗಳ ಅಪರೂಪ. ಶನಿವಾರ ರಾತ್ರಿ ಶಹಾಬಾದ್ ಅಕ್ಕ ಒಂದು ಟ್ರೈಲರ್ ಹಾಕಿದಳು. 2018ರ ‘ಬ್ಯೂಟಿಫುಲ್ ಬಾಯ್’. ಸ್ಟೀವ್ ಕ್ಯಾರೆಲ್ ಅಪ್ಪ, ಟಿಮೊಥಿ ಶಾಲಮೆ ನಶೆಗೆ ಬಿದ್ದ ಮಗ. ಕೆಳಗೆ ಬರೆದಿದ್ದಳು: ‘ಹೈಸ್ಕೂಲು, ಪಿಯು ಮಕ್ಕಳಿರುವ ಮನೆಯವರು ತಪ್ಪದೆ ನೋಡಿ.’ ಅಕ್ಕ ನರ್ಸ್. ಆಮೇಲೆ ನಡೆದದ್ದು ಹೀಗೆ. ನಡುವೆ ಬಂದ ಶುಭರಾತ್ರಿ ಹೂವುಗಳನ್ನು ತೆಗೆದಿದ್ದೇನೆ.

ಸೇಡಂ ಕಾಕಾ: ಮೊದಲು ಇದನ್ನು ಡಿಲೀಟ್ ಮಾಡವ್ವ. ಗುಂಪಿನಲ್ಲಿ ಹುಡುಗರಿದ್ದಾರೆ. ಗೊತ್ತಿಲ್ಲದವರಿಗೆ ದಾರಿ ತೋರಿಸಿದ ಹಾಗೆ ಆಗುತ್ತದೆ.

ಅಕ್ಕ: ಕಾಕಾ, ಗೊತ್ತಿಲ್ಲದವರು ನಾವು. ಅವರಿಗೆ ಎಲ್ಲಾ ಗೊತ್ತು.

ಸೇಡಂ ಕಾಕಾ: ಅಮೆರಿಕದ ಕಥೆ ನಮಗ್ಯಾಕೆ? ಅಲ್ಲಿ ಮಕ್ಕಳನ್ನು ಕೇಳುವವರೇ ಇಲ್ಲ.

ನಾನು: ಇದರಲ್ಲಿ ಅಪ್ಪ ಕೇಳುವುದೇ ಜಾಸ್ತಿ ಕಾಕಾ. ಡೇವಿಡ್ ಶೆಫ್ ಅಂತ ನಿಜವಾದ ಪತ್ರಕರ್ತ. ಅವನೊಂದು ಪುಸ್ತಕ ಬರೆದ, ಮಗ ನಿಕ್ ಒಂದು ಬರೆದ. ಎರಡನ್ನೂ ಸೇರಿಸಿ ಸಿನಿಮಾ ಮಾಡಿದ್ದಾರೆ. ಓದಿದ ಮನೆ, ದುಡ್ಡಿದೆ, ಪ್ರೀತಿ ಇದೆ. ಆದರೂ ಆಯಿತು.

ತಮ್ಮ: ಕಾಕಾ ಹೇಳುವುದನ್ನೂ ಸುಮ್ನೆ ತಳ್ಳಿಹಾಕಬೇಡಿ. ಅಮೆರಿಕದಲ್ಲೇ ಇದಕ್ಕೆ ‘ಆರ್’ ಕೊಟ್ಟಿದ್ದಾರೆ. 17 ತುಂಬದವರು ಥಿಯೇಟರಿಗೆ ದೊಡ್ಡವರ ಜೊತೆಗೇ ಹೋಗಬೇಕು. ಇನ್ನೊಂದು, ಆ ಹೀರೋ ಎಷ್ಟು ಚೆಂದ ಇದ್ದಾನೆ ಅಂದರೆ ನಶೆಯಲ್ಲಿ ಬಿದ್ದಾಗಲೂ ಚೆಂದ ಕಾಣುತ್ತಾನೆ.

(ಕಾಕಾ ಇದಕ್ಕೆ ಸಾಲಾಗಿ ಹೆಬ್ಬೆರಳು ಹಾಕಿದರು. ತಮ್ಮನ ಎರಡನೇ ಮಾತು ನನಗೂ ಸರಿ ಅನಿಸಿತು. ನಶೆಗೆ ಬಿದ್ದವರ ಮುಖ ಹಾಗಿರುವುದಿಲ್ಲ.)

ಅಕ್ಕ: ಮಕ್ಕಳು ನೋಡಲಿ ಅಂದೆನಾ? ಮನೆಯವರು ಅಂದೆ. ಮೇಲೆ ಓದಿ.

ಆಳಂದ ಮಾಮಾ: ಸಿನಿಮಾದಲ್ಲಿ ಇರುವುದು ಮೆಥ್ ಅನ್ನುವ ಮಾದಕ ವಸ್ತು. ನನ್ನ ಮೆಡಿಕಲ್ ಅಂಗಡಿಗೆ ಬಂದು ಕೇಳುವುದು ಕೊಡೀನ್ ಇರುವ ಕೆಮ್ಮಿನ ಸಿರಪ್. ಹೆಸರು ಹಿಡಿದೇ ಕೇಳುತ್ತಾರೆ, ಕೆಮ್ಮು ಒಬ್ಬನಿಗೂ ಇರುವುದಿಲ್ಲ. ಇಲ್ಲಾಂದ್ರೆ ನಿದ್ದೆ ಗುಳಿಗೆ. ಇವು ಡಾಕ್ಟರ್ ಚೀಟಿ ಇಲ್ಲದೆ ಕೊಡಬಾರದ ಔಷಧಿಗಳ ಪಟ್ಟಿಯವು, ಶೆಡ್ಯೂಲ್ ಎಚ್‌1. ಚೀಟಿ ಬರೆದ ಡಾಕ್ಟರ್ ಹೆಸರು, ರೋಗಿ ಹೆಸರು, ಎಷ್ಟು ಕೊಟ್ಟೆ, ಎಲ್ಲಾ ರಿಜಿಸ್ಟರ್‌ನಲ್ಲಿ ಬರೆದು ಮೂರು ವರ್ಷ ಇಡಬೇಕು. ನಾನು ಇಡುತ್ತೇನೆ. ಊರಿನವರೆಲ್ಲಾ ಇಡುತ್ತಾರೆ ಅಂತ ನನ್ನ ಬಾಯಿಂದ ಹೇಳಿಸಬೇಡಿ.

ಅತ್ತೆ: ನಮ್ಮ ಮನೆ ಹಿಂದಿನ ಖಾಲಿ ಸೈಟಿನಲ್ಲಿ ಪಂಕ್ಚರ್ ಸೊಲ್ಯೂಷನ್ ಟ್ಯೂಬು ಬಿದ್ದಿರುತ್ತವೆ. ಬುಡದಿಂದ ಸುತ್ತಿ ಸುತ್ತಿ ಒಂದು ಹನಿ ಬಿಡದಂತೆ ಹಿಂಡಿರುತ್ತಾರೆ. ಪಕ್ಕದಲ್ಲಿ ಹಪ್ಪಳದ ಹಾಗೆ ಗಟ್ಟಿಯಾದ ಕರ್ಚೀಫು. ಅಲ್ಲಿ ಸೈಕಲ್ ಅಂಗಡಿಯೇ ಇಲ್ಲ!

ನಾನು: ಅದೇ ಅತ್ತೆ. ಏಮ್ಸ್‌ನವರು ದೇಶದ ತುಂಬಾ ಮಾಡಿದ ಸಮೀಕ್ಷೆ 2019ರಲ್ಲಿ ಬಂತು. ದೊಡ್ಡವರಿಗಿಂತ ಮಕ್ಕಳಲ್ಲಿ ಜಾಸ್ತಿ ಇರುವುದು ಈ ಮೂಸುವ ನಶೆ ಒಂದೇ. ಮಕ್ಕಳಲ್ಲಿ ನೂರಕ್ಕೆ 1.17, ದೊಡ್ಡವರಲ್ಲಿ 0.58.

ಸೇಡಂ ಕಾಕಾ: ಸರಿ, ಇದೆ ಅಂತಲೇ ಇಟ್ಟುಕೊಳ್ಳೋಣ. ಮೂರು ತಿಂಗಳು ವ್ಯಸನಮುಕ್ತಿ ಕೇಂದ್ರದಲ್ಲಿ ಕೂಡಿಹಾಕಿದರೆ ತಾನೇ ಬಿಡುತ್ತಾರೆ. ನಮ್ಮ ಓಣಿ ಹುಡುಗನನ್ನು ಹಾಗೇ ಮಾಡಿದರು, ಸರಿ ಹೋದ. ಸಿನಿಮಾ ಬೇಕಾಗಲಿಲ್ಲ.

ವೈನಿ: ಮಾವಾ, ಅವನು ಸರಿ ಹೋಗಿಲ್ಲ. ಬಂದ ಮೇಲೆ ಮತ್ತೆ ಶುರು ಮಾಡಿದ. ಹೈದರಾಬಾದಿನಲ್ಲಿ ಕೆಲಸ ಸಿಕ್ಕಿದೆ ಅಂತ ಮನೆಯವರು ಹೇಳಿಕೊಂಡು ತಿರುಗುತ್ತಿದ್ದಾರೆ.

(ಸರಿಯಾಗಿ ಈ ಹೊತ್ತಿಗೆ ಯಾದಗಿರಿ ಮಾಮಾ ಕಣ್ಣು ಮಿಟುಕಿಸುವ ಗಣಪತಿ ಕಳಿಸಿದರು.)

ಅಕ್ಕ: ಇದಕ್ಕೇ ನಾನು ಈ ಸಿನಿಮಾ ಹಾಕಿದ್ದು ಕಾಕಾ. ನಮ್ಮ ಸಿನಿಮಾಗಳಲ್ಲಿ ಅವ್ವನ ಫೋಟೋ ಮುಂದೆ ಒಂದು ಸಲ ಅತ್ತರೆ ಚಟ ಬಿಟ್ಟುಹೋಗುತ್ತದೆ. ಮಾರನೇ ದಿನ ಇಸ್ತ್ರಿ ಶರ್ಟು. ಇಲ್ಲಿ ಹುಡುಗ ಬಿಡುತ್ತಾನೆ, ಹಿಡಿಯುತ್ತಾನೆ. ಒಂದು ವರ್ಷದ ಮೇಲೆ ಚೆನ್ನಾಗಿದ್ದವನು ಮತ್ತೆ ಹಿಡಿಯುತ್ತಾನೆ. ಚಿಕ್ಕ ತಮ್ಮ ಕೂಡಿಟ್ಟ ಪುಡಿಗಾಸನ್ನೂ ಬಿಡುವುದಿಲ್ಲ. ನೋಡುವವರಿಗೆ ‘ಮತ್ತೆ ಅದೇನಾ’ ಅಂತ ಬೇಜಾರಾಗುತ್ತದೆ. ಆಗಲಿ. ವಾರ್ಡಿನಲ್ಲಿ ನಾವು ನೋಡುವುದೂ ಅದನ್ನೇ.

ಕೊಡೀನ್ ಅಫೀಮಿನ ಜಾತಿ. ನಿಲ್ಲಿಸಿದ ಮೊದಲ ದಿನಗಳಲ್ಲಿ ಮೈಕೈ ನೋವು, ಮೂಗು ಸೋರುವುದು, ಭೇದಿ, ನಿದ್ದೆ ಇಲ್ಲ. ಒಂದು ವಾರ, ಹತ್ತು ದಿನಕ್ಕೆ ಮೈ ಸುಮಾರು ಸುಧಾರಿಸುತ್ತದೆ. ಬೇಕು ಅನ್ನುವ ತುಡಿತ ಹೋಗುವುದಿಲ್ಲ. ಮನೆಯವರು ಅಲ್ಲಿಗೆ ಮುಗಿಯಿತು ಅಂತ ಕೈ ತೊಳೆದುಕೊಳ್ಳುತ್ತಾರೆ. ಇನ್ನೂ ಕೆಟ್ಟದ್ದು ಏನು ಅಂದರೆ, ಬಿಟ್ಟು ಬಂದವನ ಮೈ ಹಳೇ ಅಳತೆಯನ್ನು ತಡೆಯುವುದಿಲ್ಲ. ಅಷ್ಟೇ ತೆಗೆದುಕೊಂಡರೆ ಉಸಿರು ನಿಲ್ಲಬಹುದು. ಅಂದರೆ ಕೂಡಿಹಾಕಿ ಮನೆಗೆ ಕರೆತಂದ ಮೇಲಿನ ವಾರಗಳಲ್ಲೇ ಅಪಾಯ ಜಾಸ್ತಿ. ಆಗ ನಾವು ಹೋಳಿಗೆ ಮಾಡುತ್ತಾ ಇರುತ್ತೇವೆ.

ಮೆಥ್‌ಗೆ ಇಂಥದ್ದೇ ಅಂತ ಒಪ್ಪಿದ ಗುಳಿಗೆ ಇಲ್ಲ. ಕೊಡೀನ್ ಚಟಕ್ಕೆ ಇದೆ. ಬುಪ್ರೆನಾರ್ಫಿನ್, ನಾಲ್ಟ್ರೆಕ್ಸೋನ್. ಡಾಕ್ಟರ್ ಕೈಕೆಳಗೆ, ತಿಂಗಳುಗಟ್ಟಲೆ ನಡೆಯಬೇಕು. ಆ ಅಪ್ಪನಿಗೆ ಇಲ್ಲದ ದಾರಿ ನಮಗಿದೆ, ನಾವು ಹುಡುಗನನ್ನು ಹೈದರಾಬಾದಿಗೆ ಕಳಿಸುತ್ತೇವೆ.

ಸೇಡಂ ಕಾಕಾ: ಮುಚ್ಚಿಡದೆ ಏನು ಮಾಡಬೇಕು? ಆಸ್ಪತ್ರೆಗೆ ಹೋದರೆ ಪೊಲೀಸ್ ಕೇಸು. ನಾಳೆ ಅವನಿಗೆ ಯಾರು ಹೆಣ್ಣು ಕೊಡುತ್ತಾರೆ?

ಬೀದರ್ ಭಾವ: ಮಾವಾ, ವಕೀಲನಾಗಿ ಹೇಳುತ್ತೇನೆ. ಚಿಕಿತ್ಸೆಗೆ ಹೋದ ಮಾತ್ರಕ್ಕೆ ಕೇಸು ಬೀಳುವುದಿಲ್ಲ. 1985ರ ಮಾದಕ ವಸ್ತುಗಳ ಎನ್‌ಡಿಪಿಎಸ್ ಕಾಯ್ದೆಯಲ್ಲಿ 64ಎ ಅಂತ ಒಂದು ಕಲಂ ಇದೆ. ಸೇವಿಸಿದ್ದಕ್ಕೋ, ಅಲ್ಪ ಪ್ರಮಾಣ ಇಟ್ಟುಕೊಂಡಿದ್ದಕ್ಕೋ ಕೇಸು ಬಿದ್ದಿದ್ದರೂ, ವ್ಯಸನಿ ತಾನಾಗಿ ಸರ್ಕಾರಿ ಅಥವಾ ಸರ್ಕಾರ ಒಪ್ಪಿದ ಕಡೆ ಚಿಕಿತ್ಸೆ ಪಡೆದರೆ ವಿಚಾರಣೆಯಿಂದ ರಕ್ಷಣೆ ಸಿಗುತ್ತದೆ. ಚಿಕಿತ್ಸೆ ಅರ್ಧಕ್ಕೆ ಬಿಟ್ಟರೆ ಅದನ್ನು ವಾಪಸ್ ಪಡೆಯಬಹುದು. ಮಾರುವವರಿಗೆ ಇದು ಅನ್ವಯಿಸುವುದಿಲ್ಲ. ಮಕ್ಕಳಿಗೆ ನಶೆ ಕೊಟ್ಟವರಿಗೆ 2015ರ ಬಾಲನ್ಯಾಯ ಕಾಯ್ದೆಯಲ್ಲಿ 7 ವರ್ಷದವರೆಗೆ ಜೈಲು ಇದೆ.

ಸೇಡಂ ಕಾಕಾ: ಹೆಣ್ಣು ಕೊಡುವವರು ಕಲಂ ನೋಡಿ ಕೊಡುತ್ತಾರೇನು ಅಳಿಯಂದಿರೇ?

(ಇದಕ್ಕೆ ಭಾವನ ಹತ್ತಿರ ಕಲಂ ಇರಲಿಲ್ಲ.)

ಅಕ್ಕ: 14446 ಸರ್ಕಾರದ ವ್ಯಸನಮುಕ್ತಿ ಸಹಾಯವಾಣಿ, ದುಡ್ಡು ಬೀಳುವುದಿಲ್ಲ. ಮನೆಯವರೂ ಮಾಡಬಹುದು. ವೈನಿ, ಆ ಹುಡುಗನ ಅವ್ವನಿಗೆ ನೀವೇ ಕೊಡಿ. ಗುಂಪಿನಲ್ಲಿ ಹೆಸರು ಬರೆಯಬೇಡಿ.

ಅತ್ತೆ: ಸಿನಿಮಾ ಎಲ್ಲರೂ ಒಟ್ಟಿಗೆ ನೋಡೋಣ, ಭಾನುವಾರ ಸೇಡಂ ರೋಡಿನ ಮನೆಯಲ್ಲಿ. ಸಂಜೆ ನನಗೆ ಶರಣಬಸವೇಶ್ವರ ಅಪ್ಪನ ಗುಡಿಗೆ ಹೋಗಬೇಕು. ಎಷ್ಟು ಹೊತ್ತಿನದು?

ತಮ್ಮ: ಎರಡು ಗಂಟೆ ಅತ್ತೆ. ಮೂರಕ್ಕೆ ಹಚ್ಚಿದರೆ ಮುಗಿಯುತ್ತದೆ. ಮಾತು ಇಂಗ್ಲಿಷ್, ನಾನು ಹೇಳುತ್ತಾ ಹೋಗುತ್ತೇನೆ.

ಸೇಡಂ ಕಾಕಾ: ಬನ್ನಿ, ಚಹಾ ಮಾಡಿಸುತ್ತೇನೆ. ಹುಡುಗರನ್ನು ಕರಕೊಂಡು ಬರಬೇಡಿ.

ಅಕ್ಕ: ನನ್ನ ಮಗ ಬರುತ್ತಾನೆ ಕಾಕಾ. ನನ್ನ ಪಕ್ಕದಲ್ಲೇ ಕೂರುತ್ತಾನೆ.

ಸೇಡಂ ಕಾಕಾ: ಅದಕ್ಕೆ ನಾನು ಒಪ್ಪಿಲ್ಲ. ಬಾ, ಬಂದ ಮೇಲೆ ಮಾತಾಡೋಣ.