ಸನ್ ಸ್ಟ್ರಿಪ್ ಹಾಕಿಸುವ ಮೊದಲು ಸೀಟಿನಲ್ಲಿ ಕುಳಿತು ಅಳೆಯಿರಿ

ಪ್ರಶ್ನೆ: ನಮಸ್ಕಾರ ಸರ್. ದಿನವೂ ಸಂಜೆ ಕೆಲಸ ಮುಗಿಸಿ ಪಶ್ಚಿಮಕ್ಕೆ ಮುಖ ಮಾಡಿ ಮುಕ್ಕಾಲು ಗಂಟೆ ಕಾರು ಓಡಿಸುತ್ತೇನೆ. ಸೂರ್ಯ ನೇರವಾಗಿ ಕಣ್ಣಿಗೇ ಹೊಡೆಯುತ್ತಾನೆ. ಸನ್ ವೈಸರ್ ಇಳಿಸಿದರೆ ಎದುರಿನ ರಸ್ತೆ ಅರ್ಧ ಮರೆಯಾಗುತ್ತದೆ, ಇಳಿಸದಿದ್ದರೆ ಮುಂದಿನ ಗಾಡಿಯ ಬ್ರೇಕ್ ದೀಪವೇ ಕಾಣುವುದಿಲ್ಲ. ಮುಂಗಾಜಿನ ಮೇಲಂಚಿಗೆ ಸನ್ ಸ್ಟ್ರಿಪ್, ಅಂದರೆ ಬಿಸಿಲು ತಡೆಯುವ ಕಪ್ಪು ಪಟ್ಟಿ, ಹಾಕಬೇಕೆಂದಿದ್ದೇನೆ. ಎಷ್ಟು ಅಗಲ, ಎಷ್ಟು ಕಪ್ಪು, ಗಾಜಿನ ಒಳಗೋ ಹೊರಗೋ? ನಾನೇ ಅಂಟಿಸಬಹುದೇ?

ಉತ್ತರ: ನಮಸ್ಕಾರ. ನಾನು ಹದಿನೇಳು ವರ್ಷಗಳಿಂದ ಕಾರಿನ ಗಾಜು ಮತ್ತು ಫಿಲಂ ಕೆಲಸ ಮಾಡುತ್ತಿದ್ದೇನೆ. ನೀವು ಮೊದಲು ಅಗಲ ಕೇಳಿದ್ದೀರಿ, ಅದು ನನಗೆ ಸಂತೋಷದ ವಿಷಯ. ಬಹುತೇಕರು ಬಣ್ಣದಿಂದ ಶುರು ಮಾಡುತ್ತಾರೆ.

ಎಲ್ಲಕ್ಕಿಂತ ಮೊದಲು ನಿಮ್ಮಲ್ಲಿನ ಸಾರಿಗೆ ನಿಯಮವನ್ನು ಓದಿಕೊಳ್ಳಿ. ಕೆಲವೆಡೆ ಮುಂಗಾಜಿನ ಮೇಲೆ ಹೊರಗಿನಿಂದ ತಂದು ಏನನ್ನೂ ಅಂಟಿಸುವಂತಿಲ್ಲ. ಇನ್ನು ಕೆಲವೆಡೆ ಗಾಜಿನ ಮೇಲಂಚಿನಿಂದ ಇಂತಿಷ್ಟು ಅಂತರದವರೆಗೆ ಅನುಮತಿ ಇರುತ್ತದೆ. ಎಷ್ಟೋ ಗಾಜುಗಳ ಬದಿಯಲ್ಲಿ ‘ಎಎಸ್ 1’ ಎಂಬ ಪುಟ್ಟ ಅಕ್ಷರ, ಪಕ್ಕದಲ್ಲಿ ಒಂದು ಗೆರೆ ಅಥವಾ ಬಾಣದ ಗುರುತು ಇರುತ್ತದೆ. ಆ ಗೆರೆಯ ಕೆಳಗಿನ ಗಾಜು ಕನಿಷ್ಠ 70 ಪ್ರತಿಶತ ಬೆಳಕನ್ನು ಒಳಗೆ ಬಿಡಬೇಕೆಂಬುದು ಅದರ ಅರ್ಥ. ಗೆರೆಯನ್ನು ಮಿತಿಯಾಗಿ ಒಪ್ಪಿಕೊಂಡಿರುವ ಕಡೆ ಪಟ್ಟಿ ಅದರ ಮೇಲೆಯೇ ನಿಲ್ಲಬೇಕು. ಅನುಮತಿಯೇ ಇಲ್ಲದ ಕಡೆ ನಾನು ಅಂಟಿಸುವುದೂ ಇಲ್ಲ, ಅಂಟಿಸಿಕೊಳ್ಳಿ ಎಂದು ಹೇಳುವುದೂ ಇಲ್ಲ.

ಈಗ ಅಗಲ. ಅಂಗಡಿಯವರು 12 ಸೆಂಟಿಮೀಟರ್, 15 ಸೆಂಟಿಮೀಟರ್ ಎಂದು ಒಂದು ಅಳತೆ ಹೇಳಿಬಿಡುತ್ತಾರೆ. ಆ ಅಳತೆ ಗಾಜಿನದು, ಕಣ್ಣಿನದಲ್ಲ. ಇಂದಿನ ಕಾರುಗಳ ಮುಂಗಾಜು ಬಹಳ ವಾಲಿಕೊಂಡಿರುತ್ತದೆ. ಗಾಜು ನೆಲಕ್ಕೆ 30 ಡಿಗ್ರಿ ಕೋನದಲ್ಲಿದ್ದರೆ ಅದರ ಮೇಲೆ ಅಳೆದ 15 ಸೆಂಟಿಮೀಟರ್ ಪಟ್ಟಿ ಎತ್ತರದಲ್ಲಿ ಇಳಿಯುವುದು ಏಳೂವರೆ ಸೆಂಟಿಮೀಟರ್ ಮಾತ್ರ. ಗಾಜು ನೆಟ್ಟಗೆ ನಿಂತಿರುವ ವ್ಯಾನಿನಲ್ಲಿ ಅದೇ ಪಟ್ಟಿ ಹೆಚ್ಚುಕಡಿಮೆ ಪೂರ್ತಿ 15 ಸೆಂಟಿಮೀಟರ್ ಇಳಿದು ಚಾಲಕನ ನೋಟಕ್ಕೆ ಅಡ್ಡ ಬರಬಹುದು. ಹಾಗಾಗಿ ಗೆಳೆಯರ ಕಾರಿನ ಅಳತೆಯನ್ನು ನಿಮ್ಮ ಕಾರಿಗೆ ತರಬೇಡಿ.

ಹೀಗೆ ಮಾಡಿ. ನೀವು ದಿನವೂ ಕೂರುವ ರೀತಿಯಲ್ಲೇ ಸೀಟು ಹೊಂದಿಸಿ, ಬೆನ್ನು ಒರಗಿಸಿ ಕುಳಿತುಕೊಳ್ಳಿ. ಇನ್ನೊಬ್ಬರು ಹೊರಗೆ ನಿಂತು ಗಾಜಿನ ಮೇಲೆ ಅಡ್ಡಲಾಗಿ ಮಾಸ್ಕಿಂಗ್ ಟೇಪ್ ಹಚ್ಚಲಿ. ಟೇಪಿನ ಕೆಳಗಿನ ಅಂಚು ಪಟ್ಟಿಯ ಕೆಳಗಿನ ಅಂಚು ಎಂದುಕೊಳ್ಳಿ. ಹಾಗೆಯೇ ಎರಡು ಮೂರು ದಿನ ಓಡಿಸಿ. ಸಿಗ್ನಲ್‌ನಲ್ಲಿ ಮೊದಲ ಗಾಡಿಯಾಗಿ, ನಿಲುಗಡೆಯ ಗೆರೆಯ ಮೇಲೆ ನಿಂತಾಗ ಮೇಲಿನ ದೀಪ ತಲೆ ಬಗ್ಗಿಸದೆ ಕಾಣಬೇಕು. ಏರುದಾರಿಯಲ್ಲಿ ಮುಂದಿನ ತಿರುವು ಕಾಣಬೇಕು. ಕಾಣದಿದ್ದರೆ ಟೇಪನ್ನು ಒಂದು ಬೆರಳು ಮೇಲಕ್ಕೆ ಸರಿಸಿ ಮತ್ತೆ ನೋಡಿ.

ಇದನ್ನು ಇಷ್ಟು ಒತ್ತಿ ಹೇಳಲು ಕಾರಣವಿದೆ. ಕೆಲಸ ಕಲಿತ ಹೊಸತರಲ್ಲಿ ಒಬ್ಬರ ಕಾರಿಗೆ ನಾನೇ ಸೀಟಿನಲ್ಲಿ ಕುಳಿತು ಅಳತೆ ಹಿಡಿದು ಪಟ್ಟಿ ಹಾಕಿದ್ದೆ. ಅವರು ನನಗಿಂತ ಒಂದು ಗೇಣು ಎತ್ತರ. ವಾರದ ಬಳಿಕ ಬಂದು, ಬೈಯಲಿಲ್ಲ, ನನ್ನನ್ನು ಪಕ್ಕದ ಸೀಟಿನಲ್ಲಿ ಕೂರಿಸಿಕೊಂಡು ಒಂದು ಸುತ್ತು ಹೋದರು. ಪ್ರತಿ ಸಿಗ್ನಲ್‌ನಲ್ಲೂ ಗಲ್ಲ ಸ್ಟೀರಿಂಗಿಗೆ ತಾಗುವಷ್ಟು ಬಗ್ಗಿ ದೀಪ ನೋಡುತ್ತಿದ್ದರು. ಅಂದೇ ಪಟ್ಟಿ ಕಿತ್ತು, ಅವರನ್ನೇ ಕೂರಿಸಿ ಹೊಸದಾಗಿ ಅಳೆದೆ. ಆಮೇಲೆ ಕಾರು ಓಡಿಸುವವರು ಬಾರದೆ ಅಳತೆ ಹಿಡಿದಿಲ್ಲ.

ಮರುಪ್ರಶ್ನೆ: ಪಟ್ಟಿ ಹಾಕಿದರೆ ಮುಕ್ಕಾಲು ಗಂಟೆಯ ದಾರಿಯುದ್ದಕ್ಕೂ ಬಿಸಿಲು ತಪ್ಪುತ್ತದೆಯೇ?

ಉತ್ತರ: ಇಲ್ಲ. ಸೂರ್ಯ ಗಂಟೆಗೆ ಹೆಚ್ಚೆಂದರೆ 15 ಡಿಗ್ರಿ ಇಳಿಯುತ್ತಾನೆ. ನೀವು ಕುಳಿತ ಜಾಗದಿಂದ ಪಟ್ಟಿ ಐದಾರು ಡಿಗ್ರಿಯಷ್ಟು ಆಕಾಶವನ್ನು ಮರೆಮಾಡುತ್ತದೆ ಎಂದುಕೊಂಡರೆ, ಸೂರ್ಯ ನೇರವಾಗಿ ಇಳಿಯುವ ಕಡೆಯೂ ಅವನು ಪಟ್ಟಿಯ ಹಿಂದೆ ಇರುವುದು ಇಪ್ಪತ್ತು ಇಪ್ಪತ್ತೈದು ನಿಮಿಷ. ಆಮೇಲೆ ಪಟ್ಟಿಯ ಕೆಳಗೆ ಬರುತ್ತಾನೆ. ಅಲ್ಲಿಂದ ಮುಂದೆ ವೈಸರ್ ಮತ್ತು ತಂಪು ಕನ್ನಡಕವೇ ಗತಿ. ಮುಳುಗುವ ಸೂರ್ಯನನ್ನೂ ತಡೆಯುತ್ತೇನೆಂದು ಪಟ್ಟಿಯನ್ನು ಕೆಳಕ್ಕೆ ಎಳೆದರೆ ರಸ್ತೆಯೇ ಪಟ್ಟಿಯ ಹಿಂದೆ ಹೋಗುತ್ತದೆ.

ಒಂದು ಕೆಲಸ ಇವತ್ತೇ ಮಾಡಿ, ಖರ್ಚಿಲ್ಲ. ಗಾಜಿನ ಒಳಮೈಯನ್ನು ಒರೆಸಿ. ಡ್ಯಾಶ್‌ಬೋರ್ಡಿನ ಪ್ಲಾಸ್ಟಿಕ್ ಬಿಸಿಲಿಗೆ ಕಾದು ಆವಿಯುಗುಳಿ ಗಾಜಿನ ಒಳಗೆ ತೆಳುವಾದ ಜಿಡ್ಡು ಕಟ್ಟುತ್ತದೆ. ನೆರಳಿನಲ್ಲಿ ಅದು ಕಾಣುವುದೇ ಇಲ್ಲ, ಎದುರು ಬಿಸಿಲು ಬಿದ್ದ ಕೂಡಲೇ ಇಡೀ ಗಾಜು ಹಾಲು ಬಳಿದಂತೆ ಬೆಳ್ಳಗಾಗುತ್ತದೆ. ಒಂದು ಒದ್ದೆ ಬಟ್ಟೆ, ಮತ್ತೊಂದು ಒಣ ಬಟ್ಟೆ, ಎರಡು ಸಲ ಒರೆಸಿ. ಪಟ್ಟಿ ಬೇಕೆಂದು ಬಂದ ಕೆಲವರಿಗೆ ಮೊದಲು ಇಷ್ಟು ಮಾಡಿ ಕಳುಹಿಸಿದ್ದೇನೆ. ಅವರಲ್ಲಿ ಕೆಲವರು ಪಟ್ಟಿಗೆ ತಿರುಗಿ ಬರಲೇ ಇಲ್ಲ.

ಮರುಪ್ರಶ್ನೆ: ಕಪ್ಪು ಎಷ್ಟಿರಬೇಕು? 5, 20, 35 ಎಂಬ ಸಂಖ್ಯೆಗಳು ಅರ್ಥವಾಗುತ್ತಿಲ್ಲ. ಒಳಗೆ ಹಾಕುವ ಫಿಲಂ ಒಳ್ಳೆಯದೋ, ಹೊರಗಿನ ವಿನೈಲ್ ಸ್ಟಿಕರ್ ಒಳ್ಳೆಯದೋ?

ಉತ್ತರ: ಸಂಖ್ಯೆ ಹೇಳುವುದು ಫಿಲಂ ಒಳಗೆ ಬಿಡುವ ಬೆಳಕಿನ ಪ್ರತಿಶತವನ್ನು. ಸಂಖ್ಯೆ ಚಿಕ್ಕದಾದಷ್ಟೂ ಕಪ್ಪು ಹೆಚ್ಚು. ಗಾಜು ತಾನೂ ಸ್ವಲ್ಪ ಬೆಳಕನ್ನು ತಡೆಯುತ್ತದೆ ಎಂಬುದನ್ನು ಲೆಕ್ಕಕ್ಕೆ ಸೇರಿಸಿ. 75 ಪ್ರತಿಶತ ಬೆಳಕು ಬಿಡುವ ಗಾಜಿನ ಮೇಲೆ 35ರ ಫಿಲಂ ಅಂಟಿಸಿದರೆ ಕೊನೆಗೆ ಒಳಗೆ ಬರುವುದು ಸುಮಾರು 26 ಪ್ರತಿಶತ. ದಿನದ ಓಡಾಟಕ್ಕೆ ನನ್ನ ಆಯ್ಕೆ 20 ಅಥವಾ 35. ಪಟ್ಟಿಯ ಮೂಲಕವೂ ಸಿಗ್ನಲ್ ದೀಪದ ಬಣ್ಣ ಗೊತ್ತಾಗುತ್ತದೆ. 5ರ ಫಿಲಂನಲ್ಲಿ ರಾತ್ರಿ ಏನೂ ಕಾಣುವುದಿಲ್ಲ. ಅಂಚಿನ ಕಡೆಗೆ ತಿಳಿಯಾಗುತ್ತಾ ಹೋಗುವ ಫಿಲಂ ಸಿಕ್ಕರೆ ಅದು ಇನ್ನೂ ಹಿತ. ಕಪ್ಪು ಥಟ್ಟನೆ ನಿಂತು ಬೆಳಕು ಶುರುವಾಗುವ ಆ ಗೆರೆ ಕೆಲವರ ಕಣ್ಣನ್ನು ಬಹಳ ದಣಿಸುತ್ತದೆ.

ಒಳಗಿನ ಫಿಲಂಗೆ ಮಳೆ, ವೈಪರ್, ತೊಳೆಯುವ ಬ್ರಷ್ ಯಾವುದೂ ತಾಗುವುದಿಲ್ಲ. ಅದು ಹೆಚ್ಚು ಕಾಲ ಬಾಳುತ್ತದೆ, ಆದರೆ ಅಂಟಿಸುವುದು ಕಷ್ಟ. ಹೊರಗಿನ ವಿನೈಲ್ ಅಂಟಿಸುವುದು ಸುಲಭ, ಸ್ವಲ್ಪ ಎಳೆದರೆ ಗಾಜಿನ ಬಾಗಿಗೆ ಒಗ್ಗಿಕೊಳ್ಳುತ್ತದೆ. ಆದರೆ ಅಪಾರದರ್ಶಕ ವಿನೈಲ್ ಹಿಂದೆ ಏನೂ ಕಾಣದು, ಆದ್ದರಿಂದ ಅದರ ಪಟ್ಟಿ ಇನ್ನೂ ಕಿರಿದಾಗಿರಬೇಕು. ವೈಪರ್ ಚಲಿಸುವ ಜಾಗವನ್ನು ಅದು ಮುಟ್ಟಲೇಬಾರದು. ವೈಪರಿನ ರಬ್ಬರ್ ವಿನೈಲ್ ಅಂಚನ್ನು ದಿನವೂ ಸವರಿ ಸವರಿ ಮೇಲೆಬ್ಬಿಸುತ್ತದೆ, ಎದ್ದ ಅಂಚಿನ ಅಡಿ ಮಣ್ಣು ಕೂರುತ್ತದೆ. ಅಂಟಿಸುವ ಮೊದಲು ಗಾಜನ್ನು ಒದ್ದೆ ಮಾಡಿ ವೈಪರನ್ನು ಒಮ್ಮೆ ಆಡಿಸಿದರೆ ಅದು ಎಲ್ಲಿಯವರೆಗೆ ಬರುತ್ತದೆಂಬುದು ತಾನೇ ಗೊತ್ತಾಗುತ್ತದೆ.

ಫಿಲಂನಲ್ಲಿ ಅಗ್ಗದ್ದು ಬಣ್ಣ ಹಾಕಿದ್ದು. ಅದು ಬಿಸಿಲಿಗೆ ಮಾಸಿ ನೇರಳೆಗೆ ತಿರುಗುತ್ತದೆ. ಲೋಹದ ಪದರವಿರುವುದು ಶಾಖ ತಡೆಯುತ್ತದೆ, ಆದರೆ ಗಾಜಿನಲ್ಲಿ ಆಂಟೆನಾ ಇದ್ದರೆ, ಅಥವಾ ಜಿಪಿಎಸ್ ಇಲ್ಲವೇ ಟೋಲ್ ಟ್ಯಾಗ್ ಅದರ ಹಿಂದೆ ಬಂದರೆ ಸಂಕೇತಕ್ಕೆ ಅಡ್ಡಿಯಾಗಬಹುದು. ಕಾರ್ಬನ್ ಅಥವಾ ಸೆರಾಮಿಕ್ ಫಿಲಂಗೆ ಆ ತೊಂದರೆ ಇಲ್ಲ.

ಇನ್ನೊಬ್ಬ ಸದಸ್ಯರ ಪ್ರಶ್ನೆ: ನಮ್ಮ ಕಾರಿನಲ್ಲಿ ಕನ್ನಡಿಯ ಹಿಂದೆ ಕ್ಯಾಮೆರಾ ಮತ್ತು ಮಳೆ ಸೆನ್ಸರ್ ಇದೆ. ಪಟ್ಟಿ ಹಾಕಬಹುದೇ ಸರ್?

ಉತ್ತರ: ಹಾಕಬಹುದು ಮೇಡಂ, ಆದರೆ ಅವುಗಳ ಮುಂದೆ ಪಟ್ಟಿ ಬರಕೂಡದು. ಲೇನ್ ನೋಡುವ, ತಾನೇ ಬ್ರೇಕ್ ಹಾಕುವ ವ್ಯವಸ್ಥೆ ಆ ಕ್ಯಾಮೆರಾದ ಕಣ್ಣನ್ನೇ ನಂಬಿಕೊಂಡಿದೆ. ಮಳೆ ಸೆನ್ಸರ್ ಗಾಜಿನೊಳಗೆ ಬೆಳಕನ್ನು ಹಾಯಿಸಿ, ಅದು ಎಷ್ಟು ತಿರುಗಿ ಬಂತೆಂದು ನೋಡಿ ನೀರಿನ ಹನಿಯನ್ನು ಗುರುತಿಸುತ್ತದೆ. ನಡುವೆ ಫಿಲಂ ಬಂದರೆ ವೈಪರ್ ಒಣ ಗಾಜಿನ ಮೇಲೂ ಆಡಬಹುದು, ಮಳೆಯಲ್ಲೂ ಸುಮ್ಮನಿರಬಹುದು. ಕನ್ನಡಿಯ ಬುಡದ ಆ ಜಾಗವನ್ನು ಪೂರ್ತಿ ಖಾಲಿ ಬಿಟ್ಟು ಎಡ ಬಲಕ್ಕೆ ಎರಡು ತುಂಡಾಗಿ ಪಟ್ಟಿ ಹಾಕಿಸಿ. ‘ಸ್ವಲ್ಪ ತಾಗಿದರೆ ಏನೂ ಆಗುವುದಿಲ್ಲ’ ಎನ್ನುವವರ ಕೈಗೆ ಕಾರು ಕೊಡಬೇಡಿ.

ಮೊದಲ ಪ್ರಶ್ನೆ ಕೇಳಿದವರು: ಒಳಗಿನ ಫಿಲಂ, 35, ಎಂದು ತೀರ್ಮಾನಿಸಿದೆ. ನಾನೇ ಅಂಟಿಸುವುದಾದರೆ ಯಾವುದರಲ್ಲಿ ಎಡವುತ್ತೇನೆ?

ಉತ್ತರ: ಮೂರ್ನಾಲ್ಕು ಕಡೆ. ಮೊದಲನೆಯದು ಧೂಳು. ಗಾಳಿ ಬೀಸದ ನೆರಳಿನ ಜಾಗ ಹುಡುಕಿ, ಫ್ಯಾನ್ ಹಾಕಬೇಡಿ, ಎಳೆ ಬಿಡುವ ಟವೆಲ್ ಬಳಸಬೇಡಿ. ಗಾಜಿಗೆ ಸೋಪು ನೀರು ಸಿಂಪಡಿಸಿ ಹೊಸ ಬ್ಲೇಡಿನಿಂದ ಮೇಲಿನಿಂದ ಕೆಳಕ್ಕೆ ಕೆರೆದು ತೆಗೆಯಿರಿ. ಬೆರಳ ತುದಿಯಿಂದ ಸವರಿದಾಗ ಒಂದು ಕಣವೂ ತಡೆಯಬಾರದು. ಡ್ಯಾಶ್‌ಬೋರ್ಡ್ ಮೇಲೆ ದಪ್ಪ ಬಟ್ಟೆ ಹಾಸಿ, ಇಲ್ಲದಿದ್ದರೆ ಸೋಪು ನೀರು ಗಾಜಿನ ಬುಡಕ್ಕಿಳಿದು ವಿದ್ಯುತ್ ಭಾಗಗಳಿಗೆ ಸೇರುತ್ತದೆ. ಪಟ್ಟಿ ಬರುವ ಜಾಗದಲ್ಲಿ ಗಾಜಿಗೆ ಕಲ್ಲು ಬಡಿದ ಚಿಕ್ಕ ಗಾಯವಿದ್ದರೆ ಮೊದಲು ಅದನ್ನು ಸರಿಪಡಿಸಿ. ಕಪ್ಪು ಪಟ್ಟಿ ಬಿಸಿಲಲ್ಲಿ ಹೆಚ್ಚು ಕಾಯುತ್ತದೆ, ಗಾಯ ಬಿರುಕಾಗಿ ಹರಿಯಬಹುದು.

ಎರಡನೆಯದು ಆಕಾರ. ಗಾಜು ಬಾಗಿದೆ, ಫಿಲಂ ಚಪ್ಪಟೆ. ನೇರ ಆಯತ ಕತ್ತರಿಸಿ ಅಂಟಿಸಿದರೆ ಎದುರು ನಿಂತು ನೋಡಿದಾಗ ಕೆಳಗಿನ ಅಂಚು ತೂಗುಬಿದ್ದ ಹಗ್ಗದಂತೆಯೋ ಬಿಲ್ಲಿನಂತೆಯೋ ಕಾಣುತ್ತದೆ. ಆದ್ದರಿಂದ ಟೇಪ್ ಹಚ್ಚಿದಾಗಲೇ ಹತ್ತು ಹೆಜ್ಜೆ ಹಿಂದೆ ಸರಿದು ನೋಡಿ ಅಂಚನ್ನು ತಿದ್ದಿಕೊಳ್ಳಿ. ಆ ಗೆರೆಯ ಮೇಲೆ ದೊಡ್ಡ ಕಾಗದ ಇಟ್ಟು ನಕಲು ತೆಗೆದು, ಅದರಂತೆ ಫಿಲಂ ಅನ್ನು ಮೇಜಿನ ಮೇಲೆ ಕತ್ತರಿಸಿ. ಅನುಭವವಿಲ್ಲದ ಕೈಯಲ್ಲಿ ಗಾಜಿನ ಮೇಲೆಯೇ ಬ್ಲೇಡ್ ಎಳೆಯುವುದು ಬೇಡ. ಪಟ್ಟಿಯ ಉದ್ದ ಫಿಲಂ ಸುರುಳಿಯ ಉದ್ದಕ್ಕೇ ಇರಲಿ. ಫಿಲಂ ಶಾಖಕ್ಕೆ ಚೆನ್ನಾಗಿ ಕುಗ್ಗುವುದು ಆ ದಿಕ್ಕಿನಲ್ಲಿ. ಬಾಗಿದ ಗಾಜಿನ ಮೇಲೆ ಅಂಚಿನಲ್ಲಿ ಏಳುವ ಬೆರಳಿನಂಥ ನೆರಿಗೆಗಳನ್ನು ಗಾಜಿನ ಹೊರಮೈಯಲ್ಲಿಟ್ಟು ಹೀಟ್ ಗನ್‌ನಿಂದ ಕುಗ್ಗಿಸಿದ ಮೇಲೆಯೇ ಒಳಗೆ ಒಯ್ಯಬೇಕು. ಹೀಟ್ ಗನ್ ಒಂದೇ ಜಾಗದಲ್ಲಿ ನಿಲ್ಲಬಾರದು, ಗಾಜು ಬಿರಿಯುತ್ತದೆ. ಹೊಸಬರಿಗೆ ಕಷ್ಟದ ಹಂತ ಇದೇ. ಗಾಜು ಬಹಳ ಬಾಗಿದ್ದರೆ ಈ ಕೆಲಸವನ್ನು ತಿಳಿದವರಿಗೆ ಬಿಡಿ ಎಂದೇ ಹೇಳುತ್ತೇನೆ.

ಮೂರನೆಯದು ಗಾಜಿನ ಅಂಚಿನ ಕಪ್ಪು ಚುಕ್ಕೆಗಳು. ಅಲ್ಲಿ ಮೈ ಉಬ್ಬುತಗ್ಗು, ಫಿಲಂ ಪೂರ್ತಿ ಕೂರುವುದಿಲ್ಲ. ಸಂದಿಯಲ್ಲಿ ಗಾಳಿ ಉಳಿದು ಹೊರಗಿನಿಂದ ಬೆಳ್ಳಿ ಗೆರೆಯಂತೆ ಹೊಳೆಯುತ್ತದೆ. ಅದು ನಿಮ್ಮ ಕೈತಪ್ಪಲ್ಲ, ಎಷ್ಟು ಒತ್ತಿದರೂ ಹೋಗದು. ಚುಕ್ಕೆಗಳು ಮುಗಿಯುವಲ್ಲಿಗೆ ಫಿಲಂನ ಮೇಲಂಚನ್ನು ನಿಲ್ಲಿಸಿ, ನಡುವಿನ ಸಂದಿಯನ್ನು ಹೊರಗಿನಿಂದ ಕಿರಿದಾದ ಕಪ್ಪು ವಿನೈಲ್‌ನಿಂದ ಮುಚ್ಚುವವರೂ ಇದ್ದಾರೆ.

ಅಂಟಿಸುವುದು ಹೀಗೆ: ಗಾಜು ಮತ್ತು ಫಿಲಂನ ಅಂಟಿನ ಮೈ ಎರಡಕ್ಕೂ ಧಾರಾಳವಾಗಿ ನೀರು ಸಿಂಪಡಿಸಿ. ಒಂದು ಬಾಟಲಿ ನೀರಿಗೆ ನಾಲ್ಕೈದು ಹನಿ ಮಕ್ಕಳ ಶಾಂಪೂ ಸಾಕು. ನೀರು ಇರುವವರೆಗೆ ಫಿಲಂ ಜಾರುತ್ತದೆ, ಸರಿಯಾದ ಜಾಗಕ್ಕೆ ತಂದುಕೊಳ್ಳಿ. ನಡುವಿನಿಂದ ಹೊರಕ್ಕೆ ಸ್ಕ್ವೀಜಿ (ನೀರು ತಳ್ಳುವ ರಬ್ಬರ್ ಅಂಚಿನ ಪಟ್ಟಿ) ಎಳೆಯಿರಿ, ಪ್ರತಿ ಎಳೆತವೂ ಹಿಂದಿನದರ ಮೇಲೆ ಅರ್ಧ ಹಾದುಹೋಗಲಿ. ಅಂಚಿನಲ್ಲಿ ಕಾಗದದ ಟವೆಲ್ ಸುತ್ತಿದ ಕಾರ್ಡಿನಿಂದ ಒತ್ತಿ ನೀರು ಹೀರಿಸಿ. ಕನ್ನಡಿ ಗಾಜಿಗೇ ಅಂಟಿದ್ದರೆ ಅದರ ಬುಡದ ಸುತ್ತ ಮೊದಲೇ ಕತ್ತರಿಸಿ ಇಟ್ಟುಕೊಂಡಿರಿ.

ಮರುದಿನ ಮಬ್ಬು, ಚಿಕ್ಕ ನೀರಿನ ಗುಳ್ಳೆ ಕಂಡರೆ ಹೆದರಬೇಡಿ. ಒಣಗಲು ಕೆಲವು ದಿನ ಬೇಕು, ಚಳಿಗಾಲದಲ್ಲಿ ಇನ್ನೂ ಹೆಚ್ಚು. ಸೂಜಿ ಚುಚ್ಚಬೇಡಿ, ಒರೆಸಲು ಹೋಗಬೇಡಿ. ಮುಂದೆಯೂ ಅಮೋನಿಯಾ ಇರುವ ಗಾಜಿನ ದ್ರವ ಬೇಡ, ಅದು ಫಿಲಂ ಅನ್ನು ಹಾಳು ಮಾಡುತ್ತದೆ.

ಮತ್ತೊಬ್ಬ ಸದಸ್ಯರು: ನನ್ನ ಕಾರಿಗೆ ಕಂಪನಿಯಿಂದಲೇ ಮೇಲೆ ಹಸಿರು ಪಟ್ಟಿ ಬಂದಿದೆ. ಅದರ ಮೇಲೆ ಇನ್ನೊಂದು ಹಾಕಲೇ?

ಉತ್ತರ: ಅದು ಅಂಟಿಸಿದ್ದಲ್ಲ. ಮುಂಗಾಜೆಂದರೆ ಎರಡು ಗಾಜುಗಳ ನಡುವೆ ಪ್ಲಾಸ್ಟಿಕ್ ಹಾಳೆ ಸೇರಿಸಿ ಮಾಡಿದ್ದು, ಬಣ್ಣ ಆ ಹಾಳೆಯಲ್ಲೇ ಇದೆ. ಮಾಸುವುದಿಲ್ಲ, ಏಳುವುದಿಲ್ಲ. ಅದರ ಮೇಲೆ ಕಪ್ಪು ಫಿಲಂ ಹಾಕಿದರೆ ಅಲ್ಲಿ ಬೆಳಕೇ ಇರುವುದಿಲ್ಲ. ಸಾಲದು ಅನ್ನಿಸಿದರೆ 50ರಂಥ ತಿಳಿ ಫಿಲಂ ಸಾಕು.

ಮೊದಲ ಪ್ರಶ್ನೆ ಕೇಳಿದವರು: ಸರ್, ಮೂರು ದಿನ ಟೇಪ್ ಹಚ್ಚಿಕೊಂಡು ಓಡಿಸಿದೆ. 15 ಸೆಂಟಿಮೀಟರ್‌ನಿಂದ ಶುರು ಮಾಡಿ 11ಕ್ಕೆ ಬಂದು ನಿಂತಿದ್ದೇನೆ. ಸಿಗ್ನಲ್ ಸರಿಯಾಗಿ ಕಾಣುತ್ತದೆ. ಆದರೆ ವಾರಕ್ಕೆ ಎರಡು ದಿನ ನನ್ನ ಹೆಂಡತಿಯೂ ಇದೇ ಕಾರು ಓಡಿಸುತ್ತಾಳೆ. ಅವಳು ನನಗಿಂತ ಕುಳ್ಳಗೆ, ಅವಳಿಗೆ ಪಟ್ಟಿ ತೀರಾ ಮೇಲಾಯಿತಂತೆ.

ಉತ್ತರ: 11ನ್ನೇ ಇಡಿ. ಇಬ್ಬರು ಓಡಿಸುವ ಕಾರಿಗೆ ಅಳತೆ ಎತ್ತರದವರದು. ಕುಳ್ಳಗಿರುವವರಿಗೆ ಬಿಸಿಲು ತುಸು ಬೇಗ ಪಟ್ಟಿಯ ಕೆಳಗೆ ಬರುತ್ತದೆ, ಅದಕ್ಕೆ ವೈಸರ್ ಇದೆ. ಎತ್ತರದವರಿಗೆ ಸಿಗ್ನಲ್ ಮರೆಯಾದರೆ ಅದಕ್ಕೆ ಬೇರೆ ದಾರಿ ಇಲ್ಲ. ಸೀಟನ್ನು ಮೇಲೆತ್ತುವ ಸೌಕರ್ಯವಿದ್ದರೆ ಒಂದೆರಡು ಹಂತ ಏರಿಸಿ ನೋಡಲು ನಿಮ್ಮ ಹೆಂಡತಿಗೆ ಹೇಳಿ, ಆಗ ಇಬ್ಬರ ಕಣ್ಣಿನ ಎತ್ತರದ ಅಂತರ ಕಡಿಮೆಯಾಗುತ್ತದೆ. ಟೇಪ್ ಇನ್ನೂ ಕೀಳಬೇಡಿ, ಕಾಗದದ ಮೇಲೆ ನಕಲು ತೆಗೆದಾದ ಮೇಲೆ ಕೀಳಿ.